ಉಳಿ ಉಳಿಸಿದ್ದು

ಗ್ರಂಥಾಲಯದ ಹೆಬ್ಬಾಗಿಲ ಮೇಲಿದ್ದ ಗಾರೆಯ ಹೂಬಳ್ಳಿಗಳೆಲ್ಲ ನೆಲದ ಮೇಲೆ ಪುಡಿಯಾಗಿ ಬಿದ್ದಿದ್ದವು. ಒಂದು ಎಲೆಯೂ ಉಳಿದಿರಲಿಲ್ಲ. ವಾಸ್ತುಶಿಲ್ಪಿಯ ಮಗಳು ಹೆಣದ ಮುಂದೆ ನಿಂತವಳಂತೆ ನಿಂತಳು.

ಹಳೆಯ ಅರಮನೆಗಳ ಶೈಲಿಗೆ ಮತ್ತೆ ಜೀವ ತುಂಬಿ ಅವಳ ತಂದೆ ಕಟ್ಟಿದ ಮೊದಲ ಕಟ್ಟಡವದು. ಮುಂದೆ ಅವರೇ ಅಲಂಕಾರವೆಲ್ಲ ಸುಳ್ಳೆಂದು ಸಾರಿ, ಎದುರಿಗೇ ಬೋಳು ಕಾಂಕ್ರೀಟಿನ ಆಸ್ಪತ್ರೆ ಕಟ್ಟಿದರು. ಆಸ್ಪತ್ರೆಯನ್ನು ಕೆಡವುವುದು ನಿಶ್ಚಯವಾಗಿತ್ತು. ಗ್ರಂಥಾಲಯವಾದರೂ ಉಳಿಯಲೆಂದು ಮಗಳು ಕಚೇರಿಯಿಂದ ಕಚೇರಿಗೆ ಅಲೆದಿದ್ದಳು. ಸಂರಕ್ಷಣಾ ಸಮಿತಿ ನೋಡಲು ಬರುವುದು ಇಂದೇ.

ಅವಳು ಕರೆಸಿದ್ದ ಪತ್ತೇದಾರ ಏಣಿ ಹತ್ತಿ, ಬಾಗಿಲ ಮೇಲಿನ ಸಜ್ಜದ ಅಡಿಯಲ್ಲಿ ಬೆರಳಾಡಿಸಿ ಇಳಿದ.

"ಯಾರ ಮೇಲೆ ಅನುಮಾನ?"

"ಆಸ್ಪತ್ರೆ ಕೆಡವೋಕೆ ಬಂದಿರೋ ಈ ಕಂಟ್ರಾಕ್ಟರ್ ಮೇಲೇ. ಎರಡೂ ಬಿದ್ರೆ ಇಡೀ ಜಾಗ ಇವರ ಕೈಗೆ. ಇಲ್ಲಾಂದ್ರೆ ಅಪ್ಪನ ಶಿಷ್ಯ — ಇಲ್ಲಿ ಬರೋ ಹೊಸ ಕಟ್ಟಡದ ನಕ್ಷೆ ಅವನದು."

ಪಕ್ಕದಲ್ಲಿದ್ದ ಕಂಟ್ರಾಕ್ಟರ್ ನಕ್ಕ. "ನಾನು ಒಡೆಯೋನೇ, ತಾಯಿ. ಆದ್ರೆ ನನ್ನ ಆಳುಗಳು ಹೂ ಬಿಡಿಸ್ತಾ ಕೂರ್ತಾರಾ? ಗೋಡೆ ಸಮೇತ ಇಳಿಸ್ತಾರೆ. ನಿಮ್ಮಪ್ಪನ್ನೇ ಕೇಳಿ. ಹೆತ್ತವರಿಗೆ ಹೆಗ್ಗಣ ಮುದ್ದು, ಅವರಿಗೆ ಆ ಸಿಮೆಂಟ್ ಡಬ್ಬ ಮುದ್ದು."

"ಅಪ್ಪನ ಸುದ್ದಿ ಬೇಡ."

"ಬೇಕಾಗುತ್ತಮ್ಮ," ಎಂದ ಪತ್ತೇದಾರ. "ಎಲ್ಲರೂ ಬಿದ್ದದ್ದನ್ನು ನೋಡಿದಿರಿ, ಹೊಸದಾಗಿ ಕೊರೆದದ್ದನ್ನು ಯಾರೂ ನೋಡಲಿಲ್ಲ. ಆ ಬಳ್ಳಿಯ ಅಂಚು ಬರೀ ಚೆಂದಕ್ಕಿರಲಿಲ್ಲ, ಮಳೆನೀರನ್ನು ಗೋಡೆಯಿಂದಾಚೆ ಬೀಳಿಸ್ತಿತ್ತು. ಅದನ್ನು ಕಿತ್ತವರು ಸಜ್ಜದ ಅಡಿಯಲ್ಲಿ ಉದ್ದಕ್ಕೂ ಒಂದು ಗೀರು ಕೊರೆದಿದ್ದಾರೆ — ನೀರು ಗೋಡೆಗೆ ಹರಿಯದೆ ಅಲ್ಲೇ ತೊಟ್ಟಿಕ್ಕಲಿ ಅಂತ. ಕಟ್ಟಡ ಬೀಳಲಿ ಅನ್ನೋರು ಗೋಡೆ ನೆನೆಯದಿರಲಿ ಅಂತಾರಾ?"

ಅಂಥದೇ ಗೀರು ಆಸ್ಪತ್ರೆಯ ಪ್ರತಿಯೊಂದು ಸಜ್ಜದ ಅಡಿಯಲ್ಲೂ ಇದೆಯೆಂದು ಅವಳಿಗೆ ಗೊತ್ತಿತ್ತು.

"ಒಡೆದವರು ನಿಮ್ಮ ತಂದೆ," ಎಂದ ಪತ್ತೇದಾರ.

ತಂದೆ ಗ್ರಂಥಾಲಯದ ಮೆಟ್ಟಿಲ ಮೇಲೆ ಕುಳಿತಿದ್ದರು. ಉಗುರುಗಳ ಸಂದಿಯಲ್ಲಿ ಗಾರೆ.

"ಯಾಕಪ್ಪ ಹೀಗೆ ಮಾಡಿದೆ?"

"ಹೂ ನೋಡಿ ಉಳಿಸ್ತಾರಂತಲ್ಲ. ಹೂ ನಾನು ಯಾರದೋ ನೋಡಿ ನಕಲು ಮಾಡಿದ್ದು ಕಣೇ. ಗೋಡೆ ನನ್ನದು. ಅದರ ಅಳತೆ, ಅದರ ಬೆಳಕು — ಅದನ್ನ ನೋಡಿ ಉಳಿಸಲಿ ಅಂದ್ಕೊಂಡೆ. ಆಗ ಎದುರಿನ ಆಸ್ಪತ್ರೆಯೂ ಉಳಿಸೋಕೆ ತಕ್ಕದ್ದು ಅಂತ ಕಣ್ಣಿಗೆ ಬೀಳುತ್ತಿತ್ತು."

ಸಮಿತಿಯ ಕಾರು ಬಂತು. ಅಧ್ಯಕ್ಷರು ಇಳಿದು ಕತ್ತೆತ್ತಿದರು. "ಇಲ್ಲಿ ನೋಡೋಕೆ ಏನಿದೆ?" ಎಂದು ಮತ್ತೆ ಕಾರು ಹತ್ತಿದರು. ಗೋಡೆಯನ್ನು ತೋರಿಸಲೆಂದು ತಂದೆ ಎದ್ದು ಕೈಯೆತ್ತುವಷ್ಟರಲ್ಲಿ ಕಾರು ತಿರುವು ದಾಟಿತ್ತು.

ಕಂಟ್ರಾಕ್ಟರ್ ಹತ್ತಿರ ಬಂದ. ಈಗ ಅವನ ದನಿಯಲ್ಲಿ ನಗೆಯಿರಲಿಲ್ಲ.

"ಯಜಮಾನ್ರೇ, ಎರಡರಲ್ಲಿ ಯಾವುದರಿಂದ ಶುರು ಮಾಡಲಿ?"

ಅಪ್ಪ ಮಗಳ ಮುಖ ನೋಡಿದರು.