ಮಂಗಳ ಮರೆತ ಮೇಳ

೧೯೪೧ರ ಮಾತು. ನನ್ನ ಹೆಂಡತಿ ಸಣ್ಣವ್ವ ಹಂಚಿನ ಮೇಲೆ ರೊಟ್ಟಿ ಹಾಕಿದವಳೇ ಹೆರಿಗೆ ನೋವಿನಿಂದ ಕುಸಿದಳು. ಮಗು ಅಡ್ಡವಾಗಿತ್ತು, ಡಾಕ್ಟರು ಇದ್ದದ್ದು ದೂರದ ಕುಷ್ಟಗಿಯಲ್ಲಿ. ನಮ್ಮ ತಾವರಗೇರಾದಲ್ಲಿ ಹೊತ್ತು ಹಿಡಿದು ನಿಲ್ಲಿಸುವ ಹಾಡುಗಾರ್ತಿಯರ ಮೇಳವಿತ್ತು.

“ನೀ ಬರೂತನಾ ಹಾಡ್ತೀವಿ, ಹೋಗು ತಮ್ಮಾ,” ಎಂದಳು ಮೇಳದ ಹಿರಿಯಳು ಗಾಳೆಮ್ಮ. “ಹಾಡು ನಿಲ್ಲಿಸಿದ್ರ ಹೊತ್ತು ನಡೀತದ, ಆದ್ರ ಕಡೀಕ ಮಂಗಳ ಹಾಡಿದ್ರನ ಹಿಡಿದ ಹೊತ್ತು ಪೂರಾ ಬಿಟ್ಟಂಗ.”

ಬಂಡಿಯಲ್ಲಿ ಡಾಕ್ಟರನ್ನು ಕರೆತಂದಾಗ ಮರುದಿನ ಸಂಜೆ. ಹೊಸ್ತಿಲೊಳಗೆ ಮಾತ್ರ ನಿನ್ನೆಯ ಮಧ್ಯಾಹ್ನದ ಬಿಸಿಲು. ಒಲೆಯ ಹೊಗೆ ಅಲುಗದೆ ನಿಂತಿತ್ತು. ನಮ್ಮನ್ನು ಕಂಡು ಅವರು ಹಾಡು ನಿಲ್ಲಿಸಿದರು. ಸಣ್ಣವ್ವನ ಅರ್ಧಕ್ಕೆ ನಿಂತಿದ್ದ ಕೂಗು ಆಗ ಪೂರ್ತಿಯಾಯಿತು.

ಮಗಳು ಹುಟ್ಟಿದಳು. ಆ ಸಂಭ್ರಮದಲ್ಲಿ ಎಲ್ಲರೂ ಮಂಗಳ ಮರೆತೇ ಎದ್ದರು.

ಈಗ ಆ ಮಗಳಿಗೂ ಮಕ್ಕಳಾಗಿದ್ದಾರೆ. ಅಂದಿನ ರೊಟ್ಟಿಯನ್ನು ಗೋಡೆಯ ಗೂಡಿನಲ್ಲಿ ಇಟ್ಟಿದ್ದೇವೆ. ಇವತ್ತು ಬೆಳಿಗ್ಗೆಯೂ ಮುಟ್ಟಿ ನೋಡಿದೆ. ಕೈ ಸುಟ್ಟಿತು.