ಏಳು ಪೊಟ್ಟಣ, ಎರಡು ಪಿನ್ನು

“ಇಷ್ಟೇ ಏನು ಬೇಟಿ?”

ಇಮಾಮಬೀ ಏಳನೆಯ ಪೊಟ್ಟಣವನ್ನೂ ಬಿಚ್ಚಿದಳು. ಅದರೊಳಗಿನ ಕೂದಲನ್ನು ಉಳಿದದ್ದರ ಜೊತೆ ಸೇರಿಸಿ ಉಂಡೆ ಮಾಡಿ, ಅಂಗೈಯಲ್ಲಿಟ್ಟು ಮೇಲೆ ಕೆಳಗೆ ಆಡಿಸಿದಳು. ಅವಳ ಕೈಯೇ ಅವಳ ತಕ್ಕಡಿ.

“ಏಳೂ ಕೂಡಿಸಿದ್ರೂ ಮುಷ್ಟಿ ತುಂಬವಲ್ದು. ಹೋದ ಸಲ ನಿಮ್ಮವ್ವ ಇಂಥಾವೇ ಏಳು ಪೊಟ್ಟಣ ಕೊಟ್ಟಾಗ ದೊಡ್ಡ ಗಂಟು ಆಗಿತ್ತು. ಸ್ಟೀಲ್ ಡಬ್ಬಿ ಕೊಟ್ಟಿದ್ದೆ ನಾ.”

“ನಂಗ ಡಬ್ಬಿ ಬ್ಯಾಡ ಚಾಚಿ. ಆ ಪಾತರಗಿತ್ತಿ ಕ್ಲಿಪ್ ಸಾಕು,” ಎಂದಳು ಪರಿಮಳಾ.

“ಇಷ್ಟಕ್ಕ ಪಾತರಗಿತ್ತಿ ಬರಾಂಗಿಲ್ಲ. ಪಿನ್ನು ಬರ್ತಾವ. ಎರಡು.”

“ಸೋಮವಾರ ನಮ್ಮ ಕ್ಲಾಸಿಂದು ಗ್ರೂಪ್ ಫೋಟೋ ಅದ ಚಾಚಿ.”

“ಫೋಟೋದಾಗ ಪಿನ್ನೂ ಕಾಣ್ತಾವ ತಗೋ.”

ಇಮಾಮಬೀಯ ಹತ್ತಿರ ಚೌಕಾಶಿ ಮಾಡಿ ಗೆದ್ದವರು ಆ ಓಣಿಯಲ್ಲಿ ಇನ್ನೂ ಹುಟ್ಟಿಲ್ಲ. ಅವಳು ಎರಡು ಕಪ್ಪು ಪಿನ್ನು ಕೊಟ್ಟು, ಖಾಲಿ ಕಾಗದಗಳನ್ನು ಪರಿಮಳಾಳ ಕೈಗೇ ತುರುಕಿ, ಬುಟ್ಟಿ ಎತ್ತಿಕೊಂಡು ಹೊರಟಳು. “ಕೂದ್ಲಾ... ಬಾಂಡೇ...” ಎಂದು ಕೂದಲಿಗೆ ಪಾತ್ರೆ ಕೊಡುವ ಅವಳ ಕೂಗು ಬಸ್ ಸ್ಟ್ಯಾಂಡಿನ ಕಡೆ ಹೋಯಿತು.

ಶಹಾಪುರದ ಆ ಓಣಿಯಲ್ಲಿ ಬಾಚಿದಾಗ ಉದುರಿದ ಕೂದಲನ್ನು ಯಾರೂ ಎಸೆಯುವುದಿಲ್ಲ. ಬೆರಳಿಗೆ ಸುತ್ತಿ ಗೋಡೆಯ ಗೂಡಿನಲ್ಲಿ ತುರುಕಿಡುತ್ತಾರೆ. ಇಮಾಮಬೀ ಬಂದ ದಿನ ಅದು ಪಿನ್ನಾಗುತ್ತದೆ, ಬಟ್ಟಲಾಗುತ್ತದೆ, ಜಾಸ್ತಿ ಇದ್ದರೆ ಡಬ್ಬಿಯಾಗುತ್ತದೆ. ಆರು ತಿಂಗಳ ಹಿಂದೆ ಅಕ್ಕನ ಏಳು ಪೊಟ್ಟಣ ಡಬ್ಬಿಯಾದದ್ದನ್ನು ಪರಿಮಳಾ ಕಣ್ಣಾರೆ ನೋಡಿದ್ದಳು. ಈಗ ಅದರಲ್ಲಿ ಸಕ್ಕರೆ ಇದೆ. ಹಾಗಾಗಿ ಕನ್ನಡಿಯ ಹಿಂದೆ ಮತ್ತೆ ಏಳು ಪೊಟ್ಟಣ ಕಂಡಾಗ ಅವಳಿಗೆ ಪಾತರಗಿತ್ತಿಯೇ ಕಂಡಿತು.

ಪಿನ್ನು ಸಿಕ್ಕಿಸಿಕೊಂಡು ಮುಖ ಸಣ್ಣದು ಮಾಡಿಕೊಂಡು ಕೂತಿದ್ದಾಗ ಅಕ್ಕ ಕಾಲೇಜಿನಿಂದ ಬಂದಳು. ಅಕ್ಕನ ಹೆಸರು ಮಲ್ಲೇಶ್ವರಿ. ಬಿ.ಎಡ್. ಓದುತ್ತಿದ್ದಳು. ಅವಳ ಹಿಂದೆಯೇ ಅವ್ವ ಹಣಮಮ್ಮ ಬಂದಳು. ಅವ್ವ ಸರಕಾರಿ ಶಾಲೆಯಲ್ಲಿ ಬಿಸಿಯೂಟದ ಅಡುಗೆ ಮಾಡುವವಳು. ಸೆರಗಿಗೆ ಸಾಂಬಾರಿನ ವಾಸನೆ.

“ನಾಳಿ ಮಧ್ಯಾಹ್ನ ಯಾದಗಿರಿಗೆ ಹೋಗೂದು ನೆನಪದಲ್ಲ?” ಎಂದಳು ಅವ್ವ. “ಏಳೂ ಪೊಟ್ಟಣ ಬ್ಯಾಗಿನ್ಯಾಗ ಇಡು. ಡಾಕ್ಟರ್ ಮೇಡಂ ಅವನ್ನ ನೋಡೇ ಹೇಳ್ತೀನಿ ಅಂದಾರ.”

“ಹೂಂ ಅವ್ವ,” ಎಂದಳು ಅಕ್ಕ. “ಕೂದ್ಲು ಉದುರೂದು ಕಡಿಮಿ ಆಗಿತ್ತಂದ್ರ ಸೋಮವಾರ ಹೈಸ್ಕೂಲಿಗಿ ಪಾಠ ಹೇಳಾಕ ಹೋಗ್ತೀನಿ. ಇಲ್ಲಂದ್ರ ಹೋಗಾಂಗಿಲ್ಲ. ನಂಗ ಮತ್ತ ಏನೂ ಕೇಳಬ್ಯಾಡ್ರಿ.”

ಪರಿಮಳಾಳ ಕೈ ತಲೆಯ ಪಿನ್ನಿಗೆ ಹೋಯಿತು.

ಅಕ್ಕನ ಕಾಯಿಲೆ ಅವಳಿಗೆ ಗೊತ್ತಿತ್ತು. ಅಕ್ಕನೇ ಹೇಳಿದ್ದಳು. “ಮೈಯಾಗ ಹಾರ್ಮೋನ್ ಅಂತ ಇರ್ತಾವ ಪರೀ. ನನ್ನವು ಒಂದಕ್ಕೊಂದು ಹೊಂದ್ಕೊಂಡು ಹೋಗವಲ್ವು. ಅದಕ್ಕ ತಲಿ ಮ್ಯಾಲಿನವು ಉದುರ್ತಾವ, ಗದ್ದದ ಮ್ಯಾಲೆ ಬರಬಾರದ್ದು ಬರ್ತಾವ. ತಿಂಗಳ ಮುಟ್ಟೂ ಹೊತ್ತಿಗಿ ಆಗಾಂಗಿಲ್ಲ.” ಅಕ್ಕನ ಬೈತಲೆ ಅಗಲವಾಗುತ್ತಾ ಹೋಗಿ, ನೆತ್ತಿಯ ಚರ್ಮ ಕಾಣುತ್ತಿತ್ತು. ಓಣಿಯವರು ಒಬ್ಬೊಬ್ಬರು ಒಂದೊಂದು ಎಣ್ಣೆ ಹೇಳಿದರು. ಎಲ್ಲ ಎಣ್ಣೆಯೂ ದಿಂಬಿಗೆ ಹತ್ತಿತೇ ಹೊರತು ಕೂದಲು ಬರಲಿಲ್ಲ.

ಹೋದ ಸಲ ಅಕ್ಕ ಬಿ.ಎಡ್.ನ ಅಭ್ಯಾಸ ಪಾಠಕ್ಕೆಂದು ಹೈಸ್ಕೂಲಿಗೆ ಹೋದಾಗ, ಬೋರ್ಡಿನ ಮೇಲೆ ಬರೆಯುವಾಗ ದುಪಟ್ಟಾ ಜಾರಿತ್ತು. ಒಬ್ಬ ಹುಡುಗಿ ನಕ್ಕಿದ್ದಳು. ಒಬ್ಬಳೇ, ಸಣ್ಣಗೆ. ಅಕ್ಕ ಚಾಕ್‌ಪೀಸ್ ಇಟ್ಟು ಮನೆಗೆ ಬಂದವಳು ಮತ್ತೆ ಹೋಗಿರಲಿಲ್ಲ. ಈ ಸಲವೂ ಹೋಗದಿದ್ದರೆ ಒಂದು ವರ್ಷದ ಓದೇ ಹಾಳು.

ಅಕ್ಕ ಕಾಗದದ ಮೇಲೆ ತಲೆ ಬಗ್ಗಿಸಿ, ಕಣ್ಣು ಮುಚ್ಚಿ ಬಾಚಿಕೊಳ್ಳುವುದನ್ನು ಪರಿಮಳಾ ವಾರವಿಡೀ ನೋಡಿದ್ದಳು. ರೊಟ್ಟಿ ತಟ್ಟುವ ಮನೆಯಲ್ಲಿ ಕೂದಲು ಹಾರಬಾರದು ಎಂದು ಹಾಗೆ ಮಾಡುತ್ತಾಳೆ ಅಂದುಕೊಂಡಿದ್ದಳು.

“ಕಣ್ಣು ಯಾಕ ಮುಚ್ಚತಿದ್ದಿ ಅಕ್ಕಾ?” ಎಂದು ಈಗ ಕೇಳಿದಳು.

“ಮೇಡಂ ಹೇಳ್ಯಾರ. ದಿನಾ ನೋಡಿ ನೋಡಿ ಅಳಬ್ಯಾಡ, ಬಾಚು, ಮಡಚು, ವಾರ ಬರದು ಇಡು, ನಾ ನೋಡ್ತೀನಿ ಅಂತ. ನಾ ಒಂದಿನಾನೂ ನೋಡಿಲ್ಲ. ನಂಗ ಅಂಜಿಕಿ ಬರ್ತದ.”

ಪರಿಮಳಾ ಚಪ್ಪಲಿ ಹಾಕಿಕೊಳ್ಳುವುದನ್ನೂ ಮರೆತು ಓಡಿದಳು.

ಬಸ್ ಸ್ಟ್ಯಾಂಡಿನಲ್ಲಿ ಶೇಂಗಾ ಮಾರುವವರಿದ್ದರು, ಬಾಳೆಹಣ್ಣು ಮಾರುವವರಿದ್ದರು, ಬುಟ್ಟಿ ಹೊತ್ತ ಇಮಾಮಬೀ ಮಾತ್ರ ಇರಲಿಲ್ಲ. “ಆಕಿ ಸುರಪುರ ಬಸ್ ಹತ್ತಿ ಹೋದ್ಳಲ್ಲ,” ಎಂದ ಶೇಂಗಾದವನು. ಪರಿಮಳಾಗೆ ಅಲ್ಲೇ ಕೂತು ಅಳಬೇಕೆನಿಸಿತು. ಆದರೆ ಅತ್ತರೆ ಕೂದಲು ವಾಪಸ್ ಬರುವುದಿಲ್ಲ. ಅವಳು ಸಾಬೇರಾಳ ಮನೆಗೆ ಹೋದಳು.

ಸಾಬೇರಾ ಪಕ್ಕದ ಮನೆಯ ಗೆಳತಿ. ಇಬ್ಬರದೂ ಐದನೇ ಕ್ಲಾಸ್, ಒಂದೇ ಬೆಂಚು. ವಿಷಯ ಕೇಳಿ ಅವಳು ಬಾಯಿಯ ಮೇಲೆ ಕೈ ಇಟ್ಟುಕೊಂಡಳು.

“ಹೇಳಿಬಿಡು,” ಎಂದಳು.

“ಅವ್ವ ಹೊಡೀತಾಳ.”

“ಹೊಡೀಲಿ. ಒಂದು ಏಟು.”

“ಒಂದಕ್ಕ ನಿಲ್ಲಾಂಗಿಲ್ಲ ನಮ್ಮವ್ವ. ನಿಮ್ಮ ಮನ್ಯಾಗ ಕೂದ್ಲು ಅದಾವೇನು?”

ಸಾಬೇರಾ ಮನಸ್ಸಿಲ್ಲದ ಮನಸ್ಸಿನಿಂದ ಗೂಡಿನಿಂದ ಒಂದು ದೊಡ್ಡ ಗಂಟು ತಂದಳು. ಅವಳ ಅಮ್ಮಿಯದು, ಅವಳದು, ಅವಳು ದಾದಿ ಎನ್ನುವ ಅಜ್ಜಿಯದು, ಎಲ್ಲ ಕೂಡಿತ್ತು. ದಾದಿ ಮೆಹೆಂದಿ ಹಚ್ಚುವವಳು. ಇಬ್ಬರೂ ಮಾಳಿಗೆಯ ಮೇಲೆ ಕೂತು ಕೆಂಪು ಎಳೆಗಳನ್ನು ಒಂದೊಂದೇ ಆರಿಸಿ ತೆಗೆದರು. ಅಕ್ಕಿ ಆರಿಸಲು ಕರೆದರೆ ಇಬ್ಬರೂ ಹೀಗೆ ಕೂರುವವರಲ್ಲ.

“ಸ್ವಲ್ಪ ಹಾಕು,” ಎಂದಳು ಸಾಬೇರಾ.

“ಸ್ವಲ್ಪ ಹಾಕಿದ್ರ ಡಾಕ್ಟರ್‌ಗಿ ಡೌಟ್ ಬರ್ತದ. ಅಕ್ಕನವು ಭಾಳ ಉದುರ್ತಾವಂತ ಅವರಿಗಿ ಗೊತ್ತದ.”

ಪರಿಮಳಾ ಹೋದ ಸಲದ ಗಂಟನ್ನು ನೆನಪು ಮಾಡಿಕೊಂಡು ಅಕ್ಕ ವಾರ ಬರೆದಿದ್ದ ಒಂದೊಂದು ಕಾಗದದಲ್ಲೂ ಕೈ ತುಂಬ ಇಟ್ಟು ಮಡಚಿದಳು. ಶನಿವಾರದಿಂದ ಶುಕ್ರವಾರದವರೆಗೆ ಏಳೂ ಪೊಟ್ಟಣ ಕನ್ನಡಿಯ ಹಿಂದೆ ಹೋಗಿ ಕೂತವು. ಕೆಲಸ ಮುಗಿಯಿತು. ರಾತ್ರಿ ಊಟಕ್ಕೆ ಎರಡನೇ ರೊಟ್ಟಿ ಬೇಡ ಎಂದಾಗ ಅವ್ವ ಹಣೆ ಮುಟ್ಟಿ ನೋಡಿದಳು.

ಮರುದಿನ ಶನಿವಾರ, ಬೆಳಗಿನ ಶಾಲೆ. ಮಧ್ಯಾಹ್ನ ಮೂವರೂ ಯಾದಗಿರಿ ಬಸ್ ಹತ್ತಿದರು. ದಾರಿಯುದ್ದಕ್ಕೂ ಅಕ್ಕ ಬ್ಯಾಗನ್ನು ತೊಡೆಯ ಮೇಲೆ ಎರಡೂ ಕೈಯಲ್ಲಿ ಹಿಡಿದು ಕೂತಿದ್ದಳು. ಪರಿಮಳಾ ಆ ಬ್ಯಾಗ್ ನೋಡಬಾರದೆಂದು ಕಿಟಕಿಯ ಹೊರಗಿನ ಹತ್ತಿ ಹೊಲಗಳನ್ನೇ ನೋಡಿದಳು. ಬಸ್ ಕೆಟ್ಟು ನಿಲ್ಲಲಿ ಎಂದು ಮನಸ್ಸಿನಲ್ಲೇ ಬೇಡಿಕೊಂಡಳು. ಯಾವತ್ತೂ ಕೆಡುವ ಬಸ್ ಅವತ್ತು ಹೊತ್ತಿಗೆ ಮುಂಚೆಯೇ ಮುಟ್ಟಿತು.

ದವಾಖಾನೆಯಲ್ಲಿ ಅವರ ಮುಂದೆ ನಾಲ್ಕು ಜನ ಇದ್ದರು. ಬೆಂಚಿನ ಮೇಲೆ ಕಾದು ಕೂತ ಅಕ್ಕ ಬ್ಯಾಗಿನ ಝಿಪ್ ತೆಗೆದಳು, ಹಾಕಿದಳು, ಮತ್ತೆ ತೆಗೆದಳು.

“ಒಂದ ನೋಡ್ತೀನಿ ಅವ್ವ,” ಎಂದಳು. “ಇನ್ನ ತಡಿಯಾಕ ಆಗವಲ್ದು.”

‘ಸೋಮವಾರ’ ಎಂದು ಬರೆದ ಪೊಟ್ಟಣ ಬಿಚ್ಚಿದಳು. ಒಳಗಿನ ಗಂಟು ನೋಡಿದ ಕೂಡಲೇ ಅವಳ ಮುಖ ಬಿಳಿಚಿಕೊಂಡಿತು. ಮಂಗಳವಾರದ್ದು ಬಿಚ್ಚಿದಳು. ಅದೂ ಅಷ್ಟೇ. ಬುಧವಾರದ್ದನ್ನು ಬಿಚ್ಚಲೇ ಇಲ್ಲ.

“ಕಡಿಮಿ ಆಗೇ ಇಲ್ಲ,” ಎಂದಳು. “ಆರು ತಿಂಗಳು ಗುಳಿಗಿ ನುಂಗೀನಿ. ದಿನಾ ಮುಂಜಾನಿ ಎದ್ದು ವಾಕಿಂಗ್ ಹೋಗೀನಿ. ಇನ್ನಾ ಜಾಸ್ತಿನೇ ಆಗ್ಯಾವ.”

“ಮೇಡಮ್ಮೋರು ನೋಡ್ಲಿ ತಾಳು,” ಎಂದಳು ಅವ್ವ.

“ಬ್ಯಾಡ. ನಡಿ ಮನಿಗಿ ಹೋಗೂನು. ನಾ ಯಾವ ಸಾಲಿಗೂ ಹೋಗಾಂಗಿಲ್ಲ, ಯಾವ ಗುಳಿಗಿನೂ ತಗೋಳಾಂಗಿಲ್ಲ.”

ಅಕ್ಕ ಎದ್ದು ನಿಂತಳು. ದುಪಟ್ಟಾವನ್ನು ಹಣೆಯವರೆಗೆ ಎಳೆದುಕೊಂಡಳು. ಅವಳು ಅಳುತ್ತಿರಲಿಲ್ಲ. ಅತ್ತಿದ್ದರೆ ಪರಿಮಳಾಗೆ ಇಷ್ಟು ಸಂಕಟವಾಗುತ್ತಿರಲಿಲ್ಲವೇನೋ. ಅವ್ವನ ಏಟು, ಬೈಗುಳ ಎಲ್ಲ ಒಮ್ಮೆಲೇ ಸಣ್ಣದಾಗಿ ಕಂಡವು.

“ಅವು ನಿನ್ನ ಕೂದ್ಲು ಅಲ್ಲ ಅಕ್ಕಾ.”

ಇಬ್ಬರೂ ಅವಳ ಕಡೆ ತಿರುಗಿದರು.

“ಸಾಬೇರಾನ ಮನೀವು. ನಿನ್ನವು ನಾ ಇಮಾಮಬೀ ಚಾಚಿಗಿ ಕೊಟ್ಟೀನಿ. ಹೋದ ಸಲ ಅವ್ವ ಕೊಟ್ಟಿದ್ಳಲ್ಲ, ಈ ಸಲಾನೂ ಕೊಡಾಕೇ ಇಟ್ಟೀದಿ ಅಂತ ತಿಳ್ಕೊಂಡೆ.”

“ಅಯ್ಯ ನಿನ್ನ,” ಎಂದು ಅವ್ವ ಕೈ ಎತ್ತಿದಳು. ಬೆಂಚಿನ ಮೇಲಿದ್ದ ಜನ ನೋಡುತ್ತಿದ್ದರು. “ಹೋದ ಸಲ ಮೇಡಂ ನೋಡಿದ ಮ್ಯಾಲೆ ಕೊಟ್ಟಿದ್ದೆ ನಾನು. ಮನಿಗಿ ನಡಿ, ಹೇಳ್ತೀನಿ ನಿಂಗ.”

ಅಕ್ಕ ಅವ್ವನ ಕೈ ಹಿಡಿದಳು. ನಿಧಾನಕ್ಕೆ ಬೆಂಚಿನ ಮೇಲೆ ಕೂತು ಪರಿಮಳಾಳನ್ನು ಹತ್ತಿರ ಎಳೆದುಕೊಂಡಳು.

“ಇಮಾಮಬೀ ಏನು ಕೊಟ್ಳು?”

ಪರಿಮಳಾ ತಲೆಯಿಂದ ಎರಡೂ ಪಿನ್ನು ಕಿತ್ತು ಅಂಗೈಯಲ್ಲಿಟ್ಟು ತೋರಿಸಿದಳು. ಕಣ್ಣೀರು ಅದರ ಪಾಡಿಗೆ ಇಳಿಯುತ್ತಿತ್ತು.

“ಏಳೂ ಪೊಟ್ಟಣಕ್ಕ?”

“ಹೂಂ. ನಾ ಪಾತರಗಿತ್ತಿ ಕ್ಲಿಪ್ ಕೇಳ್ದೆ. ಕೊಡಲಿಲ್ಲ.”

“ಯಾಕಂತ? ಆಕಿ ಅಂದಿದ್ದು ಅಂದಂಗ ಹೇಳು ಪರೀ.”

“ಏಳೂ ಕೂಡಿಸಿದ್ರೂ ಮುಷ್ಟಿ ತುಂಬವಲ್ದು ಅಂದ್ಳು. ಹೋದ ಸಲ ದೊಡ್ಡ ಗಂಟು ಇತ್ತು, ಅದಕ್ಕ ಡಬ್ಬಿ ಕೊಟ್ಟಿದ್ದೆ ಅಂದ್ಳು.”

“ಮುಷ್ಟಿ ತುಂಬವಲ್ದು ಅಂದ್ಳಾ?”

“ಹೂಂ.”

“ಇನ್ನೊಮ್ಮೆ ಹೇಳು.”

ಪರಿಮಳಾ ಇನ್ನೊಮ್ಮೆ ಹೇಳಿದಳು. ಅಕ್ಕ ಆ ಎರಡು ಪಿನ್ನುಗಳನ್ನೇ ಬಹಳ ಹೊತ್ತು ನೋಡಿದಳು. ಆಮೇಲೆ ಅವ್ವನನ್ನು ನೋಡಿದಳು. ಅವ್ವ ಸೆರಗಿನಿಂದ ಮೂಗು ಒರೆಸಿಕೊಂಡು, “ಇಮಾಮಬೀ ಕೈ ಸುಳ್ಳು ಹೇಳಾಂಗಿಲ್ಲ,” ಎಂದಳು. ಇಮಾಮಬೀಯನ್ನು ಅವ್ವ ಹೊಗಳಿದ್ದು ಅದೇ ಮೊದಲು.

ಅಷ್ಟರಲ್ಲಿ ಒಳಗಿನಿಂದ ಅಕ್ಕನ ಹೆಸರು ಕೂಗಿದರು.

ಡಾಕ್ಟರ್ ಕುಬ್ರಾಬೇಗಂ ಇಡೀ ಕತೆಯನ್ನು ಕೇಳಿದರು. ಸಾಬೇರಾಳ ದಾದಿಯ ಮೆಹೆಂದಿ ಕೂದಲಿನ ವಿಷಯಕ್ಕೆ ಬಂದಾಗ ಕನ್ನಡಕ ತೆಗೆದು ಕಣ್ಣು ಒರೆಸಿಕೊಂಡರು. ನಂತರ ಏಳೂ ಪೊಟ್ಟಣವನ್ನು ಪಕ್ಕಕ್ಕೆ ಸರಿಸಿದರು.

“ಇವು ನಂಗ ಬ್ಯಾಡ. ದುಪಟ್ಟಾ ತಗೀವಾ, ತಲಿ ನೋಡ್ತೀನಿ.”

ಸಣ್ಣ ದೀಪವಿದ್ದ ಭೂತಗನ್ನಡಿ ಹಿಡಿದು ಅಕ್ಕನ ನೆತ್ತಿಯನ್ನು ಇಂಚಿಂಚು ನೋಡಿದರು.

“ನೀ ಬಾ ಇಲ್ಲಿ, ಪೊಟ್ಟಣದ ಸಾಹುಕಾರ್ತಿ,” ಎಂದು ಡಾಕ್ಟರ್ ಅವಳನ್ನು ಕರೆದರು. “ಏನು ಕಾಣ್ತದ ಹೇಳು.”

ಪರಿಮಳಾ ಗಾಜಿನಲ್ಲಿ ನೋಡಿದಳು. ಬೈತಲೆಯ ಎರಡೂ ಕಡೆ ಸಣ್ಣ ಸಣ್ಣ ಕಪ್ಪು ಎಳೆಗಳು ನೆಟ್ಟಗೆ ನಿಂತಿದ್ದವು. ಹಲ್ಲುಜ್ಜುವ ಬ್ರಶ್ಶಿನ ಎಳೆಯಷ್ಟೇ ಉದ್ದ.

“ತುಂಡಾಗ್ಯಾವೇನ್ರಿ?”

“ತುಂಡಾಗಿಲ್ಲ. ಹೊಸಾವು.” ಡಾಕ್ಟರ್ ಅಕ್ಕನ ಭುಜ ಮುಟ್ಟಿದರು. “ಮೊದಲಿನಂಗ ದಟ್ಟ ಆಗೇ ಆಗ್ತಾವಂತ ನಾ ಮಾತು ಕೊಡಾಂಗಿಲ್ಲ. ಇನ್ನೂ ಟೈಮ್ ಹಿಡೀತದ. ಗುಳಿಗಿ ಬಿಡಬ್ಯಾಡ, ವಾಕಿಂಗ್ ಬಿಡಬ್ಯಾಡ. ಮತ್ತ ಒಂದು ವಾರದ್ದು ಕೂಡಿಸಿ ತಗೊಂಡು ಬಾ. ಈ ಸಲ ಈಕಿನ್ನ ಕಾವಲಿಗಿ ಇಡು.”

ಆ ಮಾತಿಗೆ ಅಕ್ಕ ನಕ್ಕಳು. ಎಷ್ಟು ದಿನವಾಗಿತ್ತೋ.

ಸೋಮವಾರ ಬೆಳಗ್ಗೆ ಅಕ್ಕ ಕಾಗದ ಹಾಸಿ ತಲೆ ಬಗ್ಗಿಸಿದಳು. ಪರಿಮಳಾ ಕಾಗದದ ಎರಡೂ ಅಂಚು ಹಿಡಿದು ಕೂತಳು. ಬಾಚಣಿಗೆ ಕೂದಲಿಗೆ ಇಳಿಯಿತು. ಅಕ್ಕನ ಕಣ್ಣು ಬಿಗಿಯಾಗಿ ಮುಚ್ಚಿತ್ತು. ಉದುರಿದ್ದನ್ನು ಎಣಿಸಿ ಹೇಳಿಬಿಡಬೇಕೆಂದು ಪರಿಮಳಾಳ ನಾಲಿಗೆ ತುದಿಯವರೆಗೂ ಬಂತು. ಆದರೆ ಹೇಳಲಿಲ್ಲ. ಅವಳೂ ಕಣ್ಣು ಮುಚ್ಚಿದಳು. ಬಾಚಿದ್ದು ಮುಗಿದ ಮೇಲೆ ಕಾಗದ ಮಡಚಿ, ಮೇಲೆ ‘ಸೋಮವಾರ’ ಎಂದು ತನ್ನ ದುಂಡು ಅಕ್ಷರದಲ್ಲಿ ಬರೆದಳು.

“ಈ ಸಣ್ಣವು ಕುಂದ್ರವಲ್ವು ನೋಡು,” ಎಂದಳು ಅಕ್ಕ, ಬೈತಲೆಯ ಹತ್ತಿರ ಎದ್ದು ನಿಂತ ಎಳೆಗಳನ್ನು ಒತ್ತುತ್ತಾ.

ಪರಿಮಳಾ ತನ್ನ ಎರಡೂ ಪಿನ್ನು ತೆಗೆದು ಅಕ್ಕನಿಗೆ ಸಿಕ್ಕಿಸಿದಳು, ಒಂದು ಆ ಕಡೆ, ಒಂದು ಈ ಕಡೆ.

“ನಿನ್ನ ಫೋಟೋ ಇವತ್ತಲ್ಲೇನು?”

“ನನ್ನವು ಪಿನ್ ಇಲ್ಲದೇನೂ ಕುಂದ್ರತಾವ.”

ಅಕ್ಕ ದುಪಟ್ಟಾ ತಲೆಯ ಮೇಲೆ ಹೊದ್ದು ಹೊರಟಳು. ಪರಿಮಳಾ ಬಾಗಿಲಲ್ಲಿ ನಿಂತು ನೋಡಿದಳು. ಓಣಿಯ ತಿರುವಿನಲ್ಲಿ ಗಾಳಿಗೆ ದುಪಟ್ಟಾ ಹೆಗಲಿಗೆ ಜಾರಿತು. ಈಗ ಅಕ್ಕನ ಕೈ ಮೇಲೆ ಹೋಗುತ್ತದೆ ಎಂದು ಪರಿಮಳಾ ಕಾದಳು. ಕೈ ಹೋಗಲಿಲ್ಲ. ಅಕ್ಕ ಹಾಗೆಯೇ ನಡೆದು ತಿರುವು ದಾಟಿದಳು.

ಅದೇ ತಿರುವಿನಿಂದ ಇಮಾಮಬೀ ಬುಟ್ಟಿ ಹೊತ್ತು ಬಂದಳು.

“ಏನರ ಅದ ಏನು ಬೇಟಿ? ಪಾತರಗಿತ್ತಿ ಇನ್ನೂ ಅದ ನೋಡು.”

ಪರಿಮಳಾ ಬುಟ್ಟಿಯೊಳಗೆ ನೋಡಿದಳು. ಕ್ಲಿಪ್ಪಿನ ರೆಕ್ಕೆ ಬಿಸಿಲಿಗೆ ಹೊಳೆಯುತ್ತಿತ್ತು. ಚೆಂದವೇ ಇತ್ತು.

“ಇರ್ಲಿ ಚಾಚಿ,” ಎಂದಳು. “ನಮ್ಮ ಮನ್ಯಾಗ ಇನ್ನ ಭಾಳ ಕೂದ್ಲು ಸಿಗಾಂಗಿಲ್ಲ.”

ಹಾಗೆ ಹೇಳುವಾಗ ಅವಳಿಗೆ ನಗು ತಡೆಯಲಾಗಲಿಲ್ಲ. ವ್ಯಾಪಾರ ಕೈತಪ್ಪಿದ್ದಕ್ಕೆ ಈ ಹುಡುಗಿ ಯಾಕೆ ನಗುತ್ತಿದ್ದಾಳೆಂದು ಇಮಾಮಬೀಗೆ ತಿಳಿಯಲಿಲ್ಲ.