ಕಿತ್ತ ನಡುಹಾಳೆ

“ಅದೊಂದು ಬಿಡಪ್ಪಾ,” ಎಂದಳು ಬರ್ನಿಸ್. “ಗಂಡ ಕೂಡಿಟ್ಟ ಬೆತ್ತಲೆ ಪತ್ರಿಕೆಗಳನ್ನೆಲ್ಲ ಹೊತ್ಕೊಂಡು ಹೋಗು. ಅದು ಮಾತ್ರ ಬೇಡ.”

ಹಳೆ ಪತ್ರಿಕೆ ಕೊಂಡು ಮಾರುವ ಡ್ವೇನ್ ಅದನ್ನು ಬಿಡಿಸಿ ನೋಡಿದ. ಮೂವತ್ತು ವರ್ಷ ಹಳೆಯ ಸಂಚಿಕೆ. ಹೆಣ್ಣಿನ ದೊಡ್ಡ ಚಿತ್ರವಿರುವ ನಡುಹಾಳೆ ಇರಲಿಲ್ಲ.

“ಆ ಹಾಳೇಲಿದ್ದವಳು ನನ್ನ ಅಕ್ಕ. ಊರು ಆಡಿಕೊಂಡಿತು ಅಂತ ನದಿಗೆ ಹಾರಿದ್ಲು. ಅಮ್ಮ ಅವಳ ಕೂದಲು ಸುಟ್ಟು ಮಾಟ ಮಾಡಿದ್ಲು. ‘ನನ್ನ ಮಗಳನ್ನ ಇಡಿಯಾಗಿ, ಮಾಸದ ಹಾಗೆ ಇಟ್ಕೊಂಡೋನ ಹೆಂಡತಿ ಮಾಸಿಹೋಗ್ಲಿ’ ಅಂತ. ನನಗಿನ್ನೂ ಐವತ್ತು ತುಂಬಿಲ್ಲ, ಗೊತ್ತಾ? ಹಾಳೆ ಕಿತ್ತು ಒಲೆಗೆ ಹಾಕಿದ್ದಕ್ಕೆ ಇಷ್ಟಾದ್ರೂ ಉಳಿದೆ.”

ತೊಂಬತ್ತರ ಮುದುಕಿಯ ಮುಖ ಅವಳದು. ಡ್ವೇನ್ ನಕ್ಕ.

“ಸಿಗರೇಟು ಜಾಸ್ತಿಯಾಗಿದೆ ಅಜ್ಜಿ. ಈ ಕತೆಗೂ ಸೇರಿಸಿ ಬೆಲೆ ಹೇಳ್ತೀರಾ?”

ದುಪ್ಪಟ್ಟು ಹಣ ಕೊಟ್ಟು ಅದನ್ನೂ ಕೊಂಡುತಂದ. ಟೊಲೀಡೊದ ತನ್ನ ಮನೆಯಲ್ಲಿ, ಊಟದ ಮೇಜಿನ ಮುಂದೆ, ಹೆಂಡತಿ ಮಾರ್ಲೀನ್‌ಗೂ ಆ ಮಾಟದ ಕತೆ ಹೇಳಿ ನಗಿಸಿದ.

“ಆ ಕಾಗದಕ್ಕೆ ಮಾಡೋ ಉಪಚಾರ ನನಗೆ ಯಾವತ್ತಾದ್ರೂ ಮಾಡಿದೀಯಾ?” ಎಂದು ಅವಳು ತಟ್ಟೆ ಎತ್ತಿಕೊಂಡು ಹೋದಳು.

ನೆಲಮಾಳಿಗೆಯಲ್ಲಿ ತೇವ ಹೀರುವ ಯಂತ್ರ ಗುಂಯ್‌ಗುಡುತ್ತಿತ್ತು. ಅದೇ ಸಂಚಿಕೆಯ ಇನ್ನೊಂದು ಹರಕು ಪ್ರತಿಯ ನಡುಹಾಳೆ ಅವನ ಬಳಿ ಇತ್ತು. ಎರಡು ಹರಕು ಸೇರಿಸಿ ಒಂದು ಇಡಿ ಮಾಡುವುದು ಈ ಕಸುಬಿನಲ್ಲಿ ಹೊಸದಲ್ಲ. ಹಳೆಯ ತೂತುಗಳಿಗೆ ಹಾಳೆ ಕೂರಿಸಿ, ಎರಡು ಸ್ಟೇಪಲ್ ಪಿನ್ನುಗಳ ನಾಲ್ಕು ಕಾಲು ಮಡಚಿದ.

ಹಳೆಯ ಕಾಗದದ ಸಿಹಿ ಮುಗ್ಗಲು ಥಟ್ಟನೆ ನಿಂತಿತು. ಹಸಿ ಶಾಯಿಯ ವಾಸನೆ ಎದ್ದಿತು. ಹಳದಿ ಅಂಚುಗಳು ಬೆಳ್ಳಗಾದವು. ಪಿನ್ನಿನ ತುಕ್ಕು ಅಳಿಸಿಹೋಯಿತು.

ಮೇಲೆ ತಟ್ಟೆ ಒಡೆಯಿತು.

“ಡ್ವೇನ್!”

ಓಡಿದ. ಮಾರ್ಲೀನ್ ಮೇಜು ಹಿಡಿದು ಕುಸಿದಿದ್ದಳು. ಅರ್ಧ ತಲೆ ನರೆತಿತ್ತು. ಅವಳ ಉಸಿರಿನಲ್ಲಿ ಆ ಮುಗ್ಗಲು.

“ಕಿತ್ತುಹಾಕು… ಹೋಗು, ಬೇಗ!”

ಕೆಳಗೆ ಧಾವಿಸಿದ. ಪತ್ರಿಕೆ ಅಚ್ಚಿನಿಂದ ಈಗಷ್ಟೇ ಇಳಿದಂತೆ ಹೊಳೆಯುತ್ತಿತ್ತು. ಇಂಥದ್ದು ಲೋಕದಲ್ಲಿ ಇನ್ನೊಂದಿಲ್ಲ. ಹರಿಯಹೋದ ಕೈ ನಿಂತಿತು. ನಂತರ ಹತ್ತಿಯ ಕೈಗವಸು ತೊಟ್ಟಿತು. ಚಪ್ಪಟೆ ಅಲಗನ್ನು ಹುಡುಕಿತು. ಪಿನ್ನಿನ ಒಂದು ಕಾಲು ಎಬ್ಬಿಸಿದ. ಮೆಲ್ಲಗೆ. ಮೇಲೆ ಕೂಗು ಗೊಗ್ಗರವಾಯಿತು. ಎರಡನೆಯದು. ತೂತು ಅಗಲವಾಗಬಾರದು. ಕೂಗು ಕೆಮ್ಮಾಯಿತು. ಮೂರನೆಯದು. ಕೆಮ್ಮು ಬರೀ ಉಸಿರಾಯಿತು. ನಾಲ್ಕು. ಹಾಳೆ ಬಿಟ್ಟುಬಂತು.

ಮೇಲೆ ಸದ್ದಿಲ್ಲ.

ಮೆಟ್ಟಿಲು ಎಡವುತ್ತ ಹತ್ತಿದ. ಬದುಕಿದ್ದಳು. ಬೊಗಸೆಯಲ್ಲಿ ಉದುರಿದ ಹಲ್ಲು ಹಿಡಿದ, ಅವನ ಅಜ್ಜಿಯಂಥ ಮುದುಕಿ. ಪೊರೆ ಕಟ್ಟಿದ ಕಣ್ಣು ಮೊದಲು ಅವನ ಮುಖ ನೋಡಲಿಲ್ಲ. ಬಿಳಿ ಕೈಗವಸು ನೋಡಿತು. ಆ ಬೆರಳುಗಳ ನಡುವೆ ಒಂದು ಸುಕ್ಕೂ ಇಲ್ಲದೆ ನಿಂತಿದ್ದ ಹಾಳೆ ನೋಡಿತು.

“ಹರಿಯೋಕೆ,” ಎಂದಳು ಮಾರ್ಲೀನ್, “ಮನಸ್ಸು ಬರ್ಲಿಲ್ವಾ?”